ಶಾಲೆ ಮುಚ್ಚಿದ ಮೇಲೆ ಅಧ್ಯಾಪಕರ ಹುದ್ದೆ ಎಲ್ಲಿಗೆ? ಮಂಜೇಶ್ವರದ ಕಡೆಯ ಒಂದು ಪ್ರಕರಣ ಅಧ್ಯಯನ

ಕೇರಳದ ಕಾಸರಗೋಡು ಜಿಲ್ಲೆಯ ಮಂಜೇಶ್ವರ ಉಪಜಿಲ್ಲೆಯಲ್ಲಿ ಕನ್ನಡ ಮಾಧ್ಯಮದ ಒಂದು ಅನುದಾನಿತ ಎಲ್.ಪಿ. (ಕಿರಿಯ ಪ್ರಾಥಮಿಕ) ಶಾಲೆ. ಒಂದರಿಂದ ನಾಲ್ಕನೇ ತರಗತಿ ತನಕ. 2021-22ರಲ್ಲಿ 64 ಮಕ್ಕಳಿದ್ದರು, 2024-25ಕ್ಕೆ ಬರುವಾಗ 22 ಉಳಿದಿದ್ದರು. 2025ರ ಮೇ 31ಕ್ಕೆ ಶಾಲೆ ಮುಚ್ಚಿತು. ಹಾಜರಿ ಪುಸ್ತಕದಲ್ಲಿ ಆಗ ಐದು ಹೆಸರುಗಳಿದ್ದವು. ಐವರೂ ಒಂದೇ ಸೂರಿನಡಿ ಪಾಠ ಮಾಡಿದವರು, ಆದರೆ ಮರುದಿನ ಐವರ ಹಕ್ಕೂ ಐದು ಬಗೆಯಾಗಿತ್ತು.

ಈ ಶಾಲೆ, ಜನ, ಘಟನೆಗಳ ತಾರೀಖು ಇವು ಯಾವುದೋ ಒಂದು ಊರಿನವಲ್ಲ. ನಿಯಮ ಎಲ್ಲಿ ಹಿಡಿಯುತ್ತದೆ, ಎಲ್ಲಿ ಜಾರುತ್ತದೆ ಎಂದು ತೋರಿಸಲು ಜೋಡಿಸಿದವು. ಕಾಯ್ದೆ, ನಿಯಮ, ತೀರ್ಪುಗಳು ಮಾತ್ರ ಇದ್ದದ್ದು ಇದ್ದ ಹಾಗೆ. ಅಧ್ಯಾಪಕರನ್ನು ಇಲ್ಲಿ ನೇಮಕದ ವರ್ಷದಿಂದಲೇ ಕರೆದಿದೆ. ಇಲಾಖೆಯ ಕಡತವೂ ಅವರನ್ನು ಹಾಗೆಯೇ ಗುರುತಿಸುತ್ತದೆ.

ಮುಖ್ಯೋಪಾಧ್ಯಾಯರು 1994ರಲ್ಲಿ ಸೇರಿದವರು. ಶಾಲೆ ಮುಚ್ಚುವ ದಿನವೇ ಅವರ ನಿವೃತ್ತಿ. ಎರಡನೆಯವರು 2008ರಲ್ಲಿ ಖಾಯಂ ಹುದ್ದೆಗೆ ಬಂದು, ಇಲಾಖೆಯ ಮಂಜೂರಾತಿ ಪಡೆದು, ಸಂರಕ್ಷಣೆಯ, ಅಂದರೆ ಹುದ್ದೆ ಹೋದರೂ ಸಂಬಳ ಸಹಿತ ಬೇರೆ ಕಡೆ ಹಾಕುವ ವ್ಯವಸ್ಥೆಯ, ವ್ಯಾಪ್ತಿಗೆ ಸೇರಿದವರು. ಮೂರನೆಯವರು 2021ರ ಜೂನ್‌ನಲ್ಲಿ ನೇಮಕವಾದ ಅಧ್ಯಾಪಿಕೆ. ನಾಲ್ಕನೆಯವರು ದಿನವೇತನದವರು. ಐದನೆಯವರು ಪಾರ್ಟ್ ಟೈಮ್ ಅರಬಿಕ್ ಅಧ್ಯಾಪಕರು.

ನೋಟೀಸಿನ ಲೆಕ್ಕ

ಕೇರಳ ಶಿಕ್ಷಣ ಕಾಯ್ದೆ 1958ರದ್ದು. ಅದರ ನಿಯಮಗಳು, ಅಂದರೆ ಎಲ್ಲರ ಬಾಯಲ್ಲಿರುವ ಕೆ.ಇ.ಆರ್., 1959ರವು. ಅನುದಾನಿತ ಶಾಲೆಯನ್ನು ಮ್ಯಾನೇಜರ್, ಅಂದರೆ ಶಾಲೆಯ ಖಾಸಗಿ ಆಡಳಿತ ನೋಡುವವರು, ತನಗೆ ಬೇಕೆನಿಸಿದ ದಿನ ಮುಚ್ಚುವ ಹಾಗಿಲ್ಲ. ಕಾಯ್ದೆಯ 7(6)ನೇ ಕಲಂ ಪ್ರಕಾರ ಒಂದು ವರ್ಷದ ನೋಟೀಸು ಕೊಡಬೇಕು, ಆ ನೋಟೀಸಿನ ಅವಧಿ ಮೇ 31ಕ್ಕೆ ಮುಗಿಯಬೇಕು. ಎರಡೂ ಶರತ್ತು ಒಟ್ಟಿಗೇ ಪೂರೈಸಬೇಕು ಎಂಬುದನ್ನು ಬಹಳಷ್ಟು ಮಂದಿ ಗಮನಿಸುವುದಿಲ್ಲ.

ಇಲ್ಲಿ ಮ್ಯಾನೇಜರ್ ನೋಟೀಸು ಕೊಟ್ಟದ್ದು 2023ರ ಜೂನ್ 12ಕ್ಕೆ. 2024ರ ಮೇ 31ಕ್ಕೆ ಮುಚ್ಚುತ್ತೇನೆ ಎಂದು ಬರೆದಿದ್ದರು. ಜೂನ್ 12ರಿಂದ ಎಣಿಸಿದರೆ ಒಂದು ವರ್ಷ ತುಂಬುವುದು 2024ರ ಜೂನ್ 11ಕ್ಕೆ, ಅಂದರೆ ಆ ವರ್ಷದ ಮೇ 31 ದಾಟಿದ ಮೇಲೆ. ಹಾಗಾಗಿ ಕಾನೂನು ಒಪ್ಪುವ ಮೊದಲ ತಾರೀಖು 2025ರ ಮೇ 31. ಹನ್ನೆರಡು ದಿನದ ವಿಳಂಬ ಅಧ್ಯಾಪಕರಿಗೆ ಪೂರಾ ಒಂದು ಶೈಕ್ಷಣಿಕ ವರ್ಷ ತಂದುಕೊಟ್ಟಿತು. ಅದೂ ತಾನಾಗಿ ಬಂದದ್ದಲ್ಲ. ನೋಟೀಸಿನ ಪ್ರತಿ ಮತ್ತು ಎ.ಇ.ಒ. (ಸಹಾಯಕ ಶಿಕ್ಷಣಾಧಿಕಾರಿ) ಕಚೇರಿಗೆ ಅದು ಬಂದ ದಿನದ ಮೊಹರು, ಇವೆರಡನ್ನು ಪಡೆದು 2008ರ ಅಧ್ಯಾಪಕರು ಒಂದು ಪುಟದ ಆಕ್ಷೇಪ ಬರೆದುಕೊಟ್ಟರು. ಅದು ಬರದಿರುತ್ತಿದ್ದರೆ ಕಚೇರಿ ಮ್ಯಾನೇಜರ್ ಬರೆದ ತಾರೀಖನ್ನೇ ಹಿಡಿದುಕೊಂಡು ಮುಂದಕ್ಕೆ ಹೋಗುತ್ತಿತ್ತು. ಪತ್ರದ ಮೇಲೆ ಬರೆದ ತಾರೀಖಿಗಿಂತ ಕಚೇರಿಯ ಒಳಬರವಿನ ಮೊಹರನ್ನು ನಂಬಬೇಕು. ಹಿಂದಿನ ತಾರೀಖು ಹಾಕಿದ ಪತ್ರಗಳು ಅಪರೂಪವೇನಲ್ಲ.

ಮುಚ್ಚುವ ಆಸೆಯ ಹಿಂದೆ ಹೆಚ್ಚಾಗಿ ಜಾಗದ ಬೆಲೆ ಇರುತ್ತದೆ. ತಲಪಾಡಿಯಿಂದ ಈಚೆ ರಾಷ್ಟ್ರೀಯ ಹೆದ್ದಾರಿ 66 ಅಗಲವಾದ ಮೇಲೆ ಬದಿಯ ಶಾಲೆ ಮೈದಾನಗಳ ಬೆಲೆ ಎಲ್ಲರಿಗೂ ಗೊತ್ತು. ಆದರೆ ಕಾಯ್ದೆಯ 6ನೇ ಕಲಂ ಇದೆ: ಅನುದಾನಿತ ಶಾಲೆಯ ಆಸ್ತಿಯನ್ನು ಅಧಿಕಾರಿಯ ಲಿಖಿತ ಪೂರ್ವಾನುಮತಿ ಇಲ್ಲದೆ ಮಾರುವುದು, ಅಡವಿಡುವುದು, ಗೇಣಿಗೆ ಕೊಡುವುದು ಸಲ್ಲದು. ನೋಟೀಸಿನ ವರ್ಷದಲ್ಲಿ ಕಟ್ಟಡದ ಹಂಚು ಇಳಿಸುವುದು, ಬಾವಿಗೆ ಬೇಲಿ ಹಾಕುವುದು ಶುರುವಾದರೆ ಫೋಟೋ ಸಹಿತ ಎ.ಇ.ಒ.ಗೆ ಅಂದೇ ಬರೆದುಕೊಡಬೇಕು.

ಸರಕಾರವೇ ಶಾಲೆ ವಹಿಸಿಕೊಳ್ಳಲಿ ಎಂಬ ಮಾತು ಪ್ರತಿ ಸಭೆಯಲ್ಲೂ ಬರುತ್ತದೆ. 2016ರಲ್ಲಿ ಕೋಯಿಕ್ಕೋಡಿನ ಮಲಾಪರಂಬ ಶಾಲೆಯೂ ಸೇರಿ ನಾಲ್ಕು ಅನುದಾನಿತ ಶಾಲೆಗಳನ್ನು ಮುಚ್ಚುವ ಆದೇಶ ಹೈಕೋರ್ಟಿನಿಂದ ಬಂದಾಗ ಸರಕಾರ ಅವನ್ನು ತನ್ನ ವಶಕ್ಕೆ ತೆಗೆದುಕೊಂಡದ್ದು ನಿಜ. ಆದರೆ 15ನೇ ಕಲಂ ಪ್ರಕಾರ ಅದಕ್ಕೆ ವಿಧಾನಸಭೆಯ ನಿರ್ಣಯ ಬೇಕು, ಮಾಲಿಕರಿಗೆ ಪರಿಹಾರ ಕೊಡಬೇಕು. 22 ಮಕ್ಕಳ ಗಡಿನಾಡ ಶಾಲೆಗೆ ಅಷ್ಟು ರಾಜಕೀಯ ಬಲ ಕೂಡಿಬರುತ್ತದೆಂದು ನಂಬಿ ಅಧ್ಯಾಪಕರು ತಮ್ಮ ಕಾಗದಪತ್ರದ ಕೆಲಸ ಮುಂದೂಡಬಾರದು.

ಕೊನೆಯ ವರ್ಷದ ಎರಡು ಬಲೆಗಳು

ಮೊದಲನೆಯದು ಸಹಿ. 2025ರ ಫೆಬ್ರವರಿಯಲ್ಲಿ ಮ್ಯಾನೇಜರ್ ಎಲ್ಲರಿಗೂ ಒಂದು ಟೈಪ್ ಮಾಡಿದ ಕಾಗದ ಕೊಟ್ಟರು. 'ಶಾಲೆ ಮುಚ್ಚುವುದಕ್ಕೆ ನನ್ನ ಒಪ್ಪಿಗೆ ಇದೆ, ನಾನಾಗಿ ಬಿಡುಗಡೆ ಹೊಂದುತ್ತೇನೆ' ಎಂಬ ಒಕ್ಕಣೆ. ಸಹಿ ಹಾಕಿದರೆ ಬೇಗ ಬೇರೆ ಕಡೆ ಹಾಕುತ್ತಾರೆ ಎಂಬ ಮಾತೂ ಜೊತೆಗಿತ್ತು. ತಾನಾಗಿ ಹೊರಟವರಿಗೆ ಸಂರಕ್ಷಣೆಯೂ ಇಲ್ಲ, ಪುನರ್ನೇಮಕದ ಹಕ್ಕೂ ಇಲ್ಲ. ಹಕ್ಕು ಹುಟ್ಟುವುದು ಹುದ್ದೆ ಕಡಿಮೆಯಾದ ಕಾರಣಕ್ಕೆ ಬಿಡುಗಡೆಯಾದರೆ ಮಾತ್ರ, ಕೆ.ಇ.ಆರ್. ಅಧ್ಯಾಯ 14-ಎಯ 52ನೇ ನಿಯಮ ಹೇಳುವುದೂ ಅದನ್ನೇ. ಬಿಡುಗಡೆ ಆದೇಶದಲ್ಲಿ 'ಶಾಲೆ ಮುಚ್ಚಿದ್ದರಿಂದ ಹುದ್ದೆ ಇಲ್ಲವಾಗಿ, ನಿಯಮ 52ರಂತೆ' ಎಂಬ ಮಾತು ಇರಲೇಬೇಕು. ಸುಮ್ಮನೆ 'ಬಿಡುಗಡೆಗೊಳಿಸಲಾಗಿದೆ' ಎಂದಷ್ಟೇ ಇದ್ದರೆ ಹಿಂದಕ್ಕೆ ಕೊಟ್ಟು ತಿದ್ದಿಸಿಕೊಳ್ಳಿ. ಐವರಲ್ಲಿ ಯಾರೂ ಆ ಕಾಗದಕ್ಕೆ ಸಹಿ ಹಾಕಲಿಲ್ಲ.

ಎರಡನೆಯದು ಮಕ್ಕಳ ಟಿ.ಸಿ. ಶಾಲೆ ಹೇಗೂ ಮುಚ್ಚುತ್ತದಲ್ಲ ಎಂದು ಹೆತ್ತವರು ಕೊನೆಯ ವರ್ಷ ಶುರುವಾಗುವ ಮೊದಲೇ ಮಕ್ಕಳನ್ನು ಕರೆದುಕೊಂಡು ಹೋದರೆ ಆ ವರ್ಷದ ಸ್ಟಾಫ್ ಫಿಕ್ಸೇಷನ್, ಅಂದರೆ ಹುದ್ದೆಗಳ ಸಂಖ್ಯೆಯ ನಿಗದಿಯ, ಬುಡ ಕಡಿದ ಹಾಗೆ. ಜೂನ್‌ನಲ್ಲಿ ಶಾಲೆ ತೆರೆದ ಆರನೇ ಕೆಲಸದ ದಿನ ಎಷ್ಟು ಮಕ್ಕಳಿದ್ದಾರೋ ಅದರ ಮೇಲೆ ಹುದ್ದೆ ನಿಲ್ಲುತ್ತದೆ. 'ಸಂಪೂರ್ಣ' ಪೋರ್ಟಲಿನಲ್ಲಿ ದಾಖಲಾದ ಮಕ್ಕಳೇ ಲೆಕ್ಕ. ಒಂದರಿಂದ ಐದನೇ ತರಗತಿಗೆ 30 ಮಕ್ಕಳಿಗೆ ಒಬ್ಬರು ಎಂಬ ಅನುಪಾತ. ತರಗತಿಗೆ ಸರಾಸರಿ 15 ಮಕ್ಕಳಿಗಿಂತ ಕೆಳಗಿಳಿದ ಶಾಲೆಯನ್ನು 'ಅನ್‌ಎಕನಾಮಿಕ್' ಎಂದು ಗುರುತಿಸುತ್ತಾರೆ, ಅಲ್ಲಿ ತೆರವಾದ ಹುದ್ದೆಗೆ ಹೊಸ ಖಾಯಂ ನೇಮಕ ಸಿಗುವುದಿಲ್ಲ. ನಾಲ್ಕನೆಯ ಹುದ್ದೆಯಲ್ಲಿ ದಿನವೇತನದವರು ಇದ್ದದ್ದು ಅದಕ್ಕೇ.

ದಿನವೇತನದವರ ವಿಷಯ ಎರಡು ಮಾತಿನಲ್ಲಿ ಮುಗಿಯುತ್ತದೆ. ಶಾಲೆ ಮುಚ್ಚಿದಾಗ ಅವರಿಗೆ ಬೇರೆ ಕಡೆ ಹೋಗುವ ಹಕ್ಕಿಲ್ಲ. ಬಾಕಿ ವೇತನದ ಬಿಲ್ಲು ಮೇ 31ರ ಮೊದಲೇ ಮುಖ್ಯೋಪಾಧ್ಯಾಯರ ಸಹಿಯಲ್ಲಿ ಹೋಗಿರಬೇಕು, ಆಮೇಲೆ ಸಹಿ ಹಾಕುವವರೇ ಇರುವುದಿಲ್ಲ.

ಮೇ ತಿಂಗಳು

ಈ ಪ್ರಕರಣದಲ್ಲಿ ಅತಿ ಹೆಚ್ಚು ಕೆಲಸ ನಡೆದದ್ದು ಮೇಯಲ್ಲಿ, ಬೀಗ ಬಿದ್ದ ತರಗತಿಗಳ ನಡುವಿನ ಆಫೀಸು ಕೋಣೆಯಲ್ಲಿ. ಕಾಯ್ದೆಯ 7(7)ನೇ ಕಲಂ ಪ್ರಕಾರ ಶಾಲೆ ಮುಚ್ಚಿದಾಗ ಎಲ್ಲ ದಾಖಲೆ, ಲೆಕ್ಕಪತ್ರಗಳನ್ನು ಮ್ಯಾನೇಜರ್ ಅಧಿಕಾರಿಗೆ ಒಪ್ಪಿಸಬೇಕು. ಒಪ್ಪಿಸಿದ ಮೇಲೆ ಅವು ಕಚೇರಿಯ ಯಾವುದೋ ಅಟ್ಟ ಸೇರುತ್ತವೆ. ಹಾಗಾಗಿ ಪ್ರತಿಯೊಬ್ಬರೂ ಪ್ರತಿ ತೆಗೆದು, ಮುಖ್ಯೋಪಾಧ್ಯಾಯರ ದೃಢೀಕರಣ ಹಾಕಿಸಿಕೊಂಡರು.

ಮುಖ್ಯವಾದದ್ದು ಫಾರಂ 27ರ ನೇಮಕಾತಿ ಆದೇಶ, ಅದರ ಬೆನ್ನಿಗೆ ಎ.ಇ.ಒ. ಬರೆದ ಮಂಜೂರಾತಿ ಟಿಪ್ಪಣಿ ಸಹಿತ. ಈ ಟಿಪ್ಪಣಿ ಇಲ್ಲದ ಆದೇಶ ಬರೀ ಮ್ಯಾನೇಜರ್ ಮತ್ತು ಅಧ್ಯಾಪಕರ ನಡುವಿನ ಕಾಗದ. ಆಮೇಲೆ ಸೇರಿದ ವರ್ಷದಿಂದ ಈಚಿನ ಎಲ್ಲ ಸ್ಟಾಫ್ ಫಿಕ್ಸೇಷನ್ ಆದೇಶಗಳು, ಜ್ಯೇಷ್ಠತಾ ಪಟ್ಟಿ, ಸರ್ವಿಸ್ ಬುಕ್ಕಿನ ಪೂರ್ತಿ ಪ್ರತಿ, ಕೊನೆಯ ಸಂಬಳದ ಪ್ರಮಾಣಪತ್ರ, ಅನುದಾನಿತ ಶಾಲಾ ನೌಕರರ ಪಿ.ಎಫ್. ಆದ ಕೆ.ಎ.ಎಸ್.ಇ.ಪಿ.ಎಫ್. ಖಾತೆಯ ವಿವರ, ಕೇರಳದ ಅಧ್ಯಾಪಕ ಅರ್ಹತಾ ಪರೀಕ್ಷೆಯಾದ ಕೆ-ಟೆಟ್ ಇದ್ದರೆ ಅದರ ಪ್ರಮಾಣಪತ್ರ. ಸರ್ವಿಸ್ ಬುಕ್ಕಿನಲ್ಲಿ ಬಿಟ್ಟುಹೋದ ಇಂಕ್ರಿಮೆಂಟು, ರಜೆಯ ಲೆಕ್ಕ, ಗ್ರೇಡ್ ಇದ್ದರೆ ಬರೆಸಿಕೊಳ್ಳಲು ಇದೇ ಕೊನೆಯ ಅವಕಾಶ. 2008ರ ಅಧ್ಯಾಪಕರ ಪುಸ್ತಕದಲ್ಲಿ ಒಂದು ಸಂಬಳರಹಿತ ರಜೆಯ ಆದೇಶ ಅಂಟಿಸಿದ್ದರೂ ನಮೂದು ಆಗಿರಲಿಲ್ಲ. ಅದು ಹಾಗೇ ಉಳಿದಿದ್ದರೆ ಪಿಂಚಣಿಯ ಹೊತ್ತಿಗೆ ಸೇವೆಯಲ್ಲಿ ಬಿರುಕು ಎಂದು ಕಾಣುತ್ತಿತ್ತು.

'ಸ್ಪಾರ್ಕ್' ವೇತನ ವ್ಯವಸ್ಥೆಯಲ್ಲಿ ಬಿಡುಗಡೆ ದಾಖಲಿಸುವುದು ಮುಖ್ಯೋಪಾಧ್ಯಾಯರ ಲಾಗಿನ್‌ನಿಂದ. ಅವರು ಅದೇ ದಿನ ನಿವೃತ್ತರಾದರೆ, ಶಾಲೆಯೂ ಇಲ್ಲವಾದರೆ, ಒಳಗೆ ಉಳಿದ ಅಧ್ಯಾಪಕರನ್ನು ಹೊರಗೆ ಕಳಿಸಲು ಯಾರೂ ಇರುವುದಿಲ್ಲ. ಇದನ್ನು ಮೊದಲೇ ಕಂಡು, ಮೇ 31ರ ನಂತರ ಈ ಕೆಲಸ ಯಾರ ಮೂಲಕ ಎಂದು ಎ.ಇ.ಒ. ಕಚೇರಿಯಿಂದ ಲಿಖಿತವಾಗಿ ಕೇಳಿ ತಿಳಿದುಕೊಂಡದ್ದು ಮುಖ್ಯೋಪಾಧ್ಯಾಯರ ಜಾಣ್ಮೆ. ಅವರ ಸ್ವಂತ ಚಿಂತೆ ಬೇರೆ ಇತ್ತು: ಪಿಂಚಣಿಗೆ ಬೇಕಾದ ಬಾಧ್ಯತಾರಹಿತ ಪ್ರಮಾಣಪತ್ರಕ್ಕೆ ಮಧ್ಯಾಹ್ನದ ಊಟದ ಅಕ್ಕಿಯ ದಾಸ್ತಾನು, ಪಾತ್ರೆಪಗಡಿ, ಪಠ್ಯಪುಸ್ತಕ, ಲ್ಯಾಪ್‌ಟಾಪು ಎಲ್ಲವನ್ನೂ ಪಟ್ಟಿ ಮಾಡಿ ಒಪ್ಪಿಸಿ ರಶೀದಿ ಪಡೆಯಬೇಕಿತ್ತು. ಒಂದು ಪ್ರೊಜೆಕ್ಟರಿನ ರಶೀದಿ ಸಿಗದೆ ಪಿಂಚಣಿಯ ಕಡತ ತಿಂಗಳುಗಟ್ಟಲೆ ನಿಂತುಬಿಡುವುದುಂಟು.

ಜೂನ್ 2: ಎಲ್ಲಿಗೆ ಹೋಗುವುದು?

ಶಾಲೆ ಪುನರಾರಂಭದ ದಿನ ಕೇರಳದ ಎಲ್ಲ ಅಧ್ಯಾಪಕರಿಗೂ ಹೋಗಲು ಒಂದು ಜಾಗ ಇರುತ್ತದೆ. ಮುಚ್ಚಿದ ಶಾಲೆಯವರಿಗೆ ಇರುವುದಿಲ್ಲ. 2008ರ ಅಧ್ಯಾಪಕರು ಅಂದು ಬೆಳಿಗ್ಗೆಯೇ ಎ.ಇ.ಒ. ಕಚೇರಿಗೆ ಹೋಗಿ, ಕೆಲಸಕ್ಕೆ ಹಾಜರಿದ್ದೇನೆ ಎಂದು ಬರೆದುಕೊಟ್ಟು ಪ್ರತಿಯ ಮೇಲೆ ಮೊಹರು ಹಾಕಿಸಿಕೊಂಡರು. ನಿಯೋಜನೆಯ ಆದೇಶ ಬಂದದ್ದು ಜೂನ್ 23ಕ್ಕೆ. ನಡುವಿನ ಮೂರು ವಾರಕ್ಕೆ ಸಂಬಳದ ಪ್ರಶ್ನೆ ಎದ್ದಾಗ ಆ ಮೊಹರೇ ಉತ್ತರ. ಮನೆಯಲ್ಲಿ ಕೂತು ಆದೇಶ ಕಾದವರ ಬಳಿ ತೋರಿಸಲು ಏನೂ ಇರುವುದಿಲ್ಲ.

ಸಂರಕ್ಷಿತ ಅಧ್ಯಾಪಕರನ್ನು ಎಲ್ಲೆಲ್ಲಿಗೆ ಹಾಕಬಹುದು? ಬೇರೆ ಅನುದಾನಿತ ಶಾಲೆಯಲ್ಲಿ ಸಂರಕ್ಷಿತರಿಗೆಂದು ಬಿಡಬೇಕಾದ ಹುದ್ದೆಗೆ, ಸರಕಾರಿ ಶಾಲೆಗೆ, ಮುಖ್ಯೋಪಾಧ್ಯಾಯರನ್ನು ತರಗತಿ ಹೊಣೆಯಿಂದ ಬಿಡಿಸಿದಲ್ಲಿ ಆ ಜಾಗಕ್ಕೆ, ಇಲ್ಲವೇ ಬ್ಲಾಕ್ ಮಟ್ಟದ ಸಂಪನ್ಮೂಲ ಕೇಂದ್ರವಾದ ಬಿ.ಆರ್.ಸಿ.ಗೆ. ಜಿಲ್ಲೆಯೊಳಗೆ ಆದೇಶ ಹೊರಡಿಸುವುದು ಶಿಕ್ಷಣ ಉಪನಿರ್ದೇಶಕರು. 2011ರ ಅಕ್ಟೋಬರ್ 1ರ ಅಧ್ಯಾಪಕ ಪ್ಯಾಕೇಜ್ ಆದೇಶದಿಂದ ಶುರುವಾದ, ಹೆಚ್ಚುವರಿ ಅಧ್ಯಾಪಕರನ್ನು ಒಂದು ಪಟ್ಟಿಯಲ್ಲಿಟ್ಟು ಬೇಕಾದಲ್ಲಿಗೆ ಕಳಿಸುವ ಅಧ್ಯಾಪಕ ಬ್ಯಾಂಕಿನ ಕಲ್ಪನೆಯೇ ಇದರ ಹಿಂದಿರುವುದು. ನೆನಪಿಡಬೇಕಾದ್ದು: ಸರಕಾರಿ ಶಾಲೆಯಲ್ಲಿ ಕೂತರೂ ಅವರು ಸರಕಾರಿ ಅಧ್ಯಾಪಕರಾಗುವುದಿಲ್ಲ. ನಿಯೋಜನೆ ಬೇರೆ, ವಿಲೀನ ಬೇರೆ. ಹೋದ ಶಾಲೆಯ ಜ್ಯೇಷ್ಠತಾ ಪಟ್ಟಿಯಲ್ಲಿ ಅವರ ಹೆಸರು ಇರುವುದಿಲ್ಲ, ಅಲ್ಲಿನ ಮುಖ್ಯೋಪಾಧ್ಯಾಯ ಹುದ್ದೆಗೆ ಹಕ್ಕೂ ಇಲ್ಲ. ಆದರೆ ಸಂಬಳ ಇಳಿಯಬಾರದು. ಬಿಡುಗಡೆಯ ದಿನ ಪಡೆಯುತ್ತಿದ್ದ ವೇತನದಲ್ಲೇ ಪುನರ್ನೇಮಕ ಎಂದು 52ನೇ ನಿಯಮ ಹೇಳುತ್ತದೆ, ಅದೇ ಆಡಳಿತದ ಶಾಲೆಯಾದರೂ ಸರಿ, ಬೇರೆಯದಾದರೂ ಸರಿ.

ಜೂನ್ 23ರ ಆದೇಶ ಇವರನ್ನು ಹಾಕಿದ್ದು ಚೆರುವತ್ತೂರು ಉಪಜಿಲ್ಲೆಯ ಒಂದು ಮಲಯಾಳ ಮಾಧ್ಯಮ ಶಾಲೆಗೆ. ಸುಮಾರು 70 ಕಿ.ಮೀ. ದೂರ.

ದೂರವಲ್ಲ, ಮಾಧ್ಯಮ

ಇಂಥ ಹೊತ್ತಿನಲ್ಲಿ ಬರೆಯುವ ಅರ್ಜಿಗಳಲ್ಲಿ ಹತ್ತಕ್ಕೆ ಒಂಬತ್ತು ದೂರದ ಬಗ್ಗೆ, ಮನೆಯ ಹಿರಿಯರ ಕಾಯಿಲೆಯ ಬಗ್ಗೆ, ಬೆಳಗ್ಗಿನ ರೈಲಿನ ಬಗ್ಗೆ ಇರುತ್ತವೆ. ಓದುವ ಅಧಿಕಾರಿ ತಲೆದೂಗುತ್ತಾರೆ, ಕಡತ ಮುಚ್ಚುತ್ತಾರೆ. ನಿರ್ದಿಷ್ಟ ಶಾಲೆಯನ್ನೇ ಕೇಳುವ ಹಕ್ಕು ಸಂರಕ್ಷಿತ ಅಧ್ಯಾಪಕರಿಗೆ ಇಲ್ಲ. ಆದರೆ ಮಾಧ್ಯಮದ ವಾದ ಬೇರೆ ಜಾತಿಯದು. ಕೇರಳ ಲೋಕಸೇವಾ ಆಯೋಗ ಎಲ್.ಪಿ. ಶಾಲಾ ಅಧ್ಯಾಪಕರ ಹುದ್ದೆಗೆ ಕನ್ನಡ ಮಾಧ್ಯಮ ಎಂದು ಪ್ರತ್ಯೇಕ ಅಧಿಸೂಚನೆಯನ್ನೇ ಹೊರಡಿಸುತ್ತದೆ. ಕೆ-ಟೆಟ್‌ನ ಒಂದನೇ ವಿಭಾಗದಲ್ಲಿ ಕನ್ನಡವನ್ನು ಭಾಷೆಯಾಗಿ ಆರಿಸಿಕೊಳ್ಳಬಹುದು. ಮಾಯಿಪ್ಪಾಡಿಯ ಡಯಟ್, ಅಂದರೆ ಅಧ್ಯಾಪಕರ ತರಬೇತಿ ಸಂಸ್ಥೆ, ಇರುವ ಜಿಲ್ಲೆ ಇದು. ಅಂದ ಮೇಲೆ ಕನ್ನಡ ಮಾಧ್ಯಮ ಎಂಬುದು ಅಧ್ಯಾಪಕರ ಇಷ್ಟಾನಿಷ್ಟವಲ್ಲ, ಹುದ್ದೆಯ ಅರ್ಹತೆ. ಕನ್ನಡದಲ್ಲಿ ತರಬೇತಿ ಪಡೆದವರನ್ನು ಒಂದನೇ ತರಗತಿಯ ಮಲಯಾಳ ಮಕ್ಕಳೆದುರು ನಿಲ್ಲಿಸಿದರೆ ಕೆಡುವುದು ಆ ಮಕ್ಕಳ ಕಲಿಕೆ. ಮಲಯಾಳ ಮಾತ್ರ ಬಲ್ಲ ಅಧ್ಯಾಪಕರನ್ನು ಕನ್ನಡ ತರಗತಿಗೆ ಹಾಕಿದಾಗ ಕಾಸರಗೋಡಿನ ಹೆತ್ತವರು ಎತ್ತುವ ಆಕ್ಷೇಪವೂ ಇದೇ ಅಲ್ಲವೇ. ಅದೇ ತರ್ಕ ಇಲ್ಲಿ ತಿರುಗಿ ನಿಲ್ಲುತ್ತದೆ. ಶಿಕ್ಷಣ ಹಕ್ಕು ಕಾಯ್ದೆ 2009ರ 29(2)(ಎಫ್) ಕಲಂ ಸಾಧ್ಯವಾದ ಮಟ್ಟಿಗೆ ಮಗುವಿನ ಮಾತೃಭಾಷೆಯಲ್ಲೇ ಬೋಧನೆ ಎನ್ನುತ್ತದೆ. ಸಂವಿಧಾನದ 350-ಎ ವಿಧಿ ಭಾಷಾ ಅಲ್ಪಸಂಖ್ಯಾತ ಮಕ್ಕಳ ಪ್ರಾಥಮಿಕ ಹಂತಕ್ಕೆ ಅದೇ ಸೌಕರ್ಯವನ್ನು ಒದಗಿಸಲು ಹೇಳುತ್ತದೆ.

ತಪ್ಪು ಎಲ್ಲಿ ಆಯಿತು ಎಂದು ಹುಡುಕಿದರೆ ಒಂದು ಸಣ್ಣ ಕಾಲಂ. ಮುಚ್ಚುವ ಶಾಲೆಯಿಂದ ಹೋದ ಹೆಚ್ಚುವರಿ ಅಧ್ಯಾಪಕರ ಪಟ್ಟಿಯಲ್ಲಿ 'ಎಲ್.ಪಿ.ಎಸ್.ಟಿ. – 1', ಅಂದರೆ ಎಲ್.ಪಿ. ಶಾಲಾ ಅಧ್ಯಾಪಕರು ಒಬ್ಬರು, ಎಂದಷ್ಟೇ ಇತ್ತು. ಜಿಲ್ಲಾ ಕಚೇರಿಯಲ್ಲಿ ಅದನ್ನು ನೋಡಿದವರು ಖಾಲಿ ಎಲ್.ಪಿ.ಎಸ್.ಟಿ. ಹುದ್ದೆಗೆ ಹೊಂದಿಸಿದರು. 'ಎಲ್.ಪಿ.ಎಸ್.ಟಿ., ಕನ್ನಡ ಮಾಧ್ಯಮ' ಎಂದು ಎರಡು ಪದ ಹೆಚ್ಚು ಬರೆದಿದ್ದರೆ ಐದು ತಿಂಗಳ ಓಡಾಟ ಉಳಿಯುತ್ತಿತ್ತು. ಮಾಧ್ಯಮದ ಕಾಲಂ ನಮೂನೆಯಲ್ಲಿ ಇಲ್ಲದಿದ್ದರೆ ಷರಾ ಕಾಲಂನಲ್ಲಿ ಬರೆಯಬೇಕು.

ಅವರು ಮಾಡಿದ ಕ್ರಮ ಹೀಗಿತ್ತು. ಮೊದಲು ಹೋಗಿ ಸೇರಿದರು. ಸೇರದೆ ಹೋರಾಡುವುದು ಸಂರಕ್ಷಣೆಯನ್ನೇ ಪಣಕ್ಕಿಟ್ಟಂತೆ. 'ನಿರಾಕರಿಸಿದರು' ಎಂಬ ಒಂದು ಸಾಲು ಕಡತಕ್ಕೆ ಬಂದರೆ ಉಳಿದ ವಾದಕ್ಕೆ ಕಿವಿ ಸಿಗುವುದಿಲ್ಲ. ಸೇರುವ ವರದಿಯಲ್ಲೇ 'ನನ್ನ ಆಕ್ಷೇಪಕ್ಕೆ ಬಾಧೆ ಬಾರದಂತೆ' ಎಂದು ಸೇರಿಸಿದರು. ಆಮೇಲೆ ಮಾಹಿತಿ ಹಕ್ಕಿನಡಿ 10 ರೂಪಾಯಿ ಶುಲ್ಕ ಕಟ್ಟಿ ಕೇಳಿದ್ದು ಎರಡು ವಿಷಯ: ಮಂಜೇಶ್ವರ, ಕುಂಬಳೆ, ಕಾಸರಗೋಡು ಉಪಜಿಲ್ಲೆಗಳಲ್ಲಿ ಜೂನ್ 23ರಂದು ಖಾಲಿ ಇದ್ದ ಕನ್ನಡ ಮಾಧ್ಯಮ ಎಲ್.ಪಿ. ಹುದ್ದೆಗಳು ಎಷ್ಟು, ಅವುಗಳಲ್ಲಿ ದಿನವೇತನದವರು ಎಲ್ಲೆಲ್ಲಿ ಇದ್ದಾರೆ. ಉತ್ತರಕ್ಕೆ 30 ದಿನದ ಗಡುವು ಇದೆ.

ಇಲ್ಲಿ ಮಕ್ಕಳ ಹಾದಿಯೂ ಕೆಲಸಕ್ಕೆ ಬಂತು. ನಾಲ್ಕನೇ ತರಗತಿ ಮುಗಿಸಿದ 7 ಜನ ಬಿಟ್ಟರೆ ಉಳಿದ 15 ಮಕ್ಕಳಲ್ಲಿ 9 ಜನ ಹತ್ತಿರದ ಸರಕಾರಿ ಶಾಲೆಯ ಕನ್ನಡ ವಿಭಾಗಕ್ಕೆ ಸೇರಿದ್ದರು. ಅಲ್ಲಿನ ಮೂರನೇ ತರಗತಿಯಲ್ಲಿ 28 ಇದ್ದದ್ದು 32 ಆಯಿತು. ಒಂದಕ್ಕೆ ಮೂವತ್ತರ ಲೆಕ್ಕದಲ್ಲಿ ಇನ್ನೊಂದು ಡಿವಿಷನ್ ಬೇಕು. ಹೊಸ ಹುದ್ದೆ ಮಂಜೂರಾಗಲು ತಿಂಗಳುಗಳು ಹಿಡಿಯುತ್ತವೆ, ಸಂರಕ್ಷಿತರನ್ನು ಕಳಿಸಲು ಒಂದು ಆದೇಶ ಸಾಕು. ಮಾನ್ಯತೆ ಹಿಂತೆಗೆದ ಶಾಲೆಯಾದರೆ ಮಕ್ಕಳು ಯಾವ ನೆರೆಶಾಲೆಗೆ ಎಂದು ಆದೇಶದಲ್ಲೇ ಬರೆಯಬೇಕೆಂದು ಶಿಕ್ಷಣ ಹಕ್ಕು ಕಾಯ್ದೆಯ 18(3) ಹೇಳುತ್ತದೆ. ಮ್ಯಾನೇಜರ್ ತಾನಾಗಿ ಮುಚ್ಚುವಾಗ ಅಂಥ ಆದೇಶ ಇರುವುದಿಲ್ಲ, ಮಕ್ಕಳು ಚೆದುರುತ್ತಾರೆ. ಈ ಶಾಲೆಯ 6 ಮಕ್ಕಳು ಇಂಗ್ಲಿಷ್ ಮಾಧ್ಯಮಕ್ಕೆ ಹೋದರು. ಮಕ್ಕಳನ್ನು ಒಂದೇ ಕನ್ನಡ ವಿಭಾಗಕ್ಕೆ ಸೇರಿಸುವ ಬಗ್ಗೆ ಏಪ್ರಿಲ್‌ನಲ್ಲೇ ಹೆತ್ತವರೊಂದಿಗೆ ಮಾತಾಡುವುದು ಒಳ್ಳೆಯದು. ಕನ್ನಡ ಉಳಿಯಲಿಕ್ಕೂ ಅದು ಬೇಕು, ಹುದ್ದೆ ಹುಟ್ಟಲಿಕ್ಕೂ ಬೇಕು.

ಈ ಅಂಕಿಗಳನ್ನು ಇಟ್ಟುಕೊಂಡು ಉಪನಿರ್ದೇಶಕರಿಗೆ ಮನವಿ ಹೋಯಿತು, ಕನ್ನಡದಲ್ಲಿ. ಅಹವಾಲನ್ನು ರಾಜ್ಯದಲ್ಲಿ ಬಳಕೆಯಲ್ಲಿರುವ ಯಾವುದೇ ಭಾಷೆಯಲ್ಲಿ ಕೊಡಬಹುದು ಎಂಬುದು ಸಂವಿಧಾನದ 350ನೇ ವಿಧಿ. ಆದರೂ ಮಲಯಾಳ ಪ್ರತಿಯೊಂದನ್ನು ಜೊತೆಗಿಟ್ಟರು. ಹಕ್ಕು ಬಿಟ್ಟುಕೊಟ್ಟ ಹಾಗೆ ಕಾಣಬಹುದು, ಆದರೆ ಕಡತ ತಿರುವನಂತಪುರಕ್ಕೆ ಹೋದರೆ ಅನುವಾದಕ್ಕೆಂದು ಅಲ್ಲೇ ಕೂತುಬಿಡುತ್ತದೆ.

ಆಗಸ್ಟ್ ಕಳೆದರೂ ಉತ್ತರ ಬರಲಿಲ್ಲ. ಸೆಪ್ಟೆಂಬರಿನಲ್ಲಿ ಎರ್ನಾಕುಳಂನ ಹೈಕೋರ್ಟಿಗೆ ರಿಟ್ ಅರ್ಜಿ. ಸರಕಾರಿ ನೌಕರರ ಸೇವಾ ವ್ಯಾಜ್ಯ ಕೇರಳ ಆಡಳಿತ ನ್ಯಾಯಮಂಡಳಿಗೆ ಹೋಗುತ್ತದೆ. ಅನುದಾನಿತ ಶಾಲೆಯವರದು 226ನೇ ವಿಧಿಯಡಿ ನೇರ ಹೈಕೋರ್ಟಿಗೆ. ಇದು ತಿಳಿಯದೆ ತಪ್ಪು ಬಾಗಿಲು ತಟ್ಟಿ ಸಮಯ ಕಳೆದುಕೊಳ್ಳುವವರಿದ್ದಾರೆ. ಅರ್ಜಿಯಲ್ಲಿ ನಿಯೋಜನೆ ರದ್ದು ಮಾಡಿ ಎಂದು ದೊಡ್ಡದಾಗಿ ಕೇಳುವುದರ ಜೊತೆಗೆ, ನನ್ನ ಮನವಿಯ ಬಗ್ಗೆ ವಿಚಾರಣೆ ನಡೆಸಿ ಇಂತಿಷ್ಟು ವಾರದಲ್ಲಿ ತೀರ್ಮಾನಿಸಲು ಉಪನಿರ್ದೇಶಕರಿಗೆ ನಿರ್ದೇಶಿಸಿ ಎಂಬ ಸಣ್ಣ ಪ್ರಾರ್ಥನೆಯೂ ಇತ್ತು. ಬೇಗ ಸಿಗುವುದು ಆ ಸಣ್ಣದೇ. ಉಪನಿರ್ದೇಶಕರ ವಿಚಾರಣೆಯಲ್ಲಿ ಖಾಲಿ ಹುದ್ದೆಗಳ ಪಟ್ಟಿ ಮೇಜಿನ ಮೇಲೆ ಬಂದಾಗ ಹೆಚ್ಚು ವಾದ ಬೇಕಾಗಲಿಲ್ಲ. ನವೆಂಬರಿನಲ್ಲಿ ಅವರು ಆ ಸರಕಾರಿ ಶಾಲೆಯ ಮೂರನೇ ತರಗತಿಗೆ ಬಂದರು.

51-ಎ: ಮರೆಯಲ್ಲಿದ್ದ ಇನ್ನೊಂದು ಶಾಲೆ

2021ರ ಅಧ್ಯಾಪಿಕೆಗೆ ಸಂರಕ್ಷಣೆ ಇಲ್ಲ. ಸಂರಕ್ಷಣೆ ಸರಕಾರಿ ಆದೇಶದಲ್ಲಿ ಹೇಳಿದ ತಾರೀಖಿನೊಳಗೆ ನೇಮಕವಾದವರಿಗೆ ಮಾತ್ರ, ಇವರು ಅದರ ಆಚೆ. ಅವರ ಕೈಯಲ್ಲಿ ಉಳಿದದ್ದು ಅಧ್ಯಾಯ 14-ಎಯ 51-ಎ ನಿಯಮ: 49 ಅಥವಾ 52ರಂತೆ ಬಿಡುಗಡೆಯಾದ ಅರ್ಹ ಅಧ್ಯಾಪಕರಿಗೆ ಅದೇ ಎಜುಕೇಷನಲ್ ಏಜೆನ್ಸಿಯ (ಶಾಲೆ ನಡೆಸುವ ವ್ಯಕ್ತಿ ಅಥವಾ ಸಂಸ್ಥೆಯ) ಶಾಲೆಗಳಲ್ಲಿ ಮುಂದೆ ಬರುವ ಹುದ್ದೆಗೆ ಆದ್ಯತೆ. ಶಾಲೆಯ ಆಡಳಿತ ಬೇರೆ ಏಜೆನ್ಸಿಗೆ ಹೋದರೆ ಆ ಏಜೆನ್ಸಿಯ ಮೇಲೂ ಈ ಹಕ್ಕು ನಡೆಯುತ್ತದೆ. ಬಿಡುಗಡೆಯ ದಿನಕ್ಕೆ ಕನಿಷ್ಠ ಒಂದು ಶೈಕ್ಷಣಿಕ ವರ್ಷದ ನಿರಂತರ ಸೇವೆ ಇರಬೇಕು. ಇವರಿಗೆ ನಾಲ್ಕು ವರ್ಷ ಇತ್ತು.

ಆದರೆ ಏಜೆನ್ಸಿಗೆ ಇದ್ದದ್ದು ಒಂದೇ ಶಾಲೆ, ಅದೂ ಮುಚ್ಚಿತು ಎಂದರೆ ಹಕ್ಕು ಬರೀ ಕಾಗದದ ಮೇಲೆ. ಮ್ಯಾನೇಜರ್ ಹೇಳಿದ್ದೂ ಅದನ್ನೇ. ಆರು ಕಿ.ಮೀ. ಆಚೆ ಅದೇ ಮನೆತನದ ಯು.ಪಿ. (ಹಿರಿಯ ಪ್ರಾಥಮಿಕ) ಶಾಲೆ ಇತ್ತಾದರೂ ಅದು ಅಣ್ಣನ ಹೆಸರಿನಲ್ಲಿ ಎಂದರು. ಮನೆತನ ಒಂದೇ ಎಂಬುದು ಕಾನೂನಿಗೆ ಬೇಡ, ಏಜೆನ್ಸಿ ಯಾವುದು ಎಂದು ಇಲಾಖೆಯ ದಾಖಲೆ ಹೇಳಬೇಕು. ಅಧ್ಯಾಪಿಕೆ ಮಾಹಿತಿ ಹಕ್ಕಿನಲ್ಲಿ ಎರಡೂ ಶಾಲೆಗಳ ಆಡಳಿತ ಬದಲಾವಣೆಯ ಆದೇಶಗಳನ್ನು ಕೇಳಿದರು. ಜುಲೈ ಕೊನೆಗೆ ಬಂದ ಪ್ರತಿಯಲ್ಲಿ ಕಂಡದ್ದು: ಅಣ್ಣ-ತಮ್ಮಂದಿರು ಕೆಲ ವರ್ಷಗಳ ಹಿಂದೆ ಎರಡನ್ನೂ ಒಂದು ಟ್ರಸ್ಟಿಗೆ ವರ್ಗಾಯಿಸಿ ಇಲಾಖೆಯ ಅನುಮತಿ ಪಡೆದಿದ್ದರು. ಏಜೆನ್ಸಿ ಒಂದೇ. ಆ ಯು.ಪಿ. ಶಾಲೆಯಲ್ಲಿ 2025ರ ಮೇ 31ಕ್ಕೆ ಕನ್ನಡ ಮಾಧ್ಯಮದ ಒಬ್ಬರು ನಿವೃತ್ತರಾಗಿದ್ದರು, ಜೂನ್‌ನಲ್ಲಿ ಹೊರಗಿನ ಒಬ್ಬರನ್ನು ನೇಮಿಸಿ ಮಂಜೂರಾತಿಗೆ 'ಸಮನ್ವಯ' ಪೋರ್ಟಲಿನಲ್ಲಿ ಕಳಿಸಿಯೂ ಆಗಿತ್ತು, 51-ಎ ಹಕ್ಕುದಾರರು ಯಾರೂ ಇಲ್ಲ ಎಂಬ ಪ್ರಮಾಣಪತ್ರದೊಂದಿಗೆ.

ಆಕ್ಷೇಪ ಮಂಜೂರಾತಿಗೆ ಮೊದಲೇ ಎ.ಇ.ಒ. ಕೈ ಸೇರಿದ್ದು ಪ್ರಯೋಜನವಾಯಿತು. ಮಂಜೂರಾತಿ ಆದ ಮೇಲಾದರೆ ಮೇಲ್ಮನವಿ, ಆಮೇಲೆ 92ನೇ ನಿಯಮದಡಿ ಸರಕಾರಕ್ಕೆ ಪುನರ್ಪರಿಶೀಲನಾ ಅರ್ಜಿ, ಹೀಗೆ ವರ್ಷಗಳೇ ಉರುಳುತ್ತವೆ. ಹೊರಗಿನವರ ನೇಮಕಕ್ಕೆ ಮಂಜೂರಾತಿ ಸಿಗಲಿಲ್ಲ. ಆ ತಿಂಗಳುಗಳಿಗೆ ಅವರಿಗೆ ಸರಕಾರದ ಸಂಬಳವೂ ಇಲ್ಲ. ಹೊಸ ಹುದ್ದೆಗೆ ಸೇರುವವರು ಏಜೆನ್ಸಿಯ ಹಳೆಯ ಹಕ್ಕುದಾರರ ಪಟ್ಟಿ ಕೇಳಿ ನೋಡದಿದ್ದರೆ ಆಗುವುದು ಹೀಗೆ.

ಆದರೆ ಆ ಹುದ್ದೆ 2021ರ ಅಧ್ಯಾಪಿಕೆಗೆ ಸಿಗಲಿಲ್ಲ. 51-ಎ ಹಕ್ಕುದಾರರು ಒಬ್ಬರಿಗಿಂತ ಹೆಚ್ಚಿದ್ದರೆ ಮೊದಲು ಬಿಡುಗಡೆಯ ತಾರೀಖು ನೋಡಬೇಕು, ಅದು ಒಂದೇ ಆದರೆ ಮೊದಲ ನೇಮಕದ ತಾರೀಖು, ಅದೂ ಒಂದೇ ಆದರೆ ವಯಸ್ಸು. ಇಬ್ಬರೂ ಬಿಡುಗಡೆಯಾದದ್ದು ಒಂದೇ ದಿನ. 2008 ಮುಂದೆ, 2021 ಹಿಂದೆ. ಕಷ್ಟಪಟ್ಟು ದಾಖಲೆ ಹುಡುಕಿದವರು ಒಬ್ಬರು, ಹುದ್ದೆ ಹೋದದ್ದು ಇನ್ನೊಬ್ಬರಿಗೆ. ಹಿರಿಯರು ಬೇಡವೆಂದು ಬರೆದುಕೊಟ್ಟರೆ ಕಿರಿಯರಿಗೆ ಸಿಗಬಹುದಿತ್ತು, ಆದರೆ ಸ್ವಂತ ಏಜೆನ್ಸಿಯ ಹುದ್ದೆ ಬೇಡವೆಂದವರ ಸಂರಕ್ಷಣೆಯನ್ನು ಇಲಾಖೆ ಯಾಕೆ ಮುಂದುವರಿಸಬೇಕು ಎಂಬ ಪ್ರಶ್ನೆ ಏಳುತ್ತದೆ. ಹಾಗೆ ಬರೆದುಕೊಡಿ ಎಂದು ಅವರಿಗೆ ಯಾರೂ ಸಲಹೆ ಕೊಡುವಂತಿರಲಿಲ್ಲ. 2026ರ ಜನವರಿಯಲ್ಲಿ 2008ರ ಅಧ್ಯಾಪಕರು ಸರಕಾರಿ ಶಾಲೆ ಬಿಟ್ಟು ಯು.ಪಿ. ಶಾಲೆಗೆ ಸೇರಿದರು, ಹಳೆಯ ವೇತನದಲ್ಲೇ.

ಅವರಿಗೆ ಇನ್ನೊಂದು ಕೆಲಸ ಬಾಕಿ ಇದೆ. 2025ರ ಸೆಪ್ಟೆಂಬರ್ 1ರ ಸುಪ್ರೀಂ ಕೋರ್ಟ್ ತೀರ್ಪಿನ ಪ್ರಕಾರ ಶಿಕ್ಷಣ ಹಕ್ಕು ಕಾಯ್ದೆಗೆ ಮೊದಲು ನೇಮಕವಾಗಿ, ನಿವೃತ್ತಿಗೆ ಐದು ವರ್ಷಕ್ಕಿಂತ ಹೆಚ್ಚು ಉಳಿದವರು ಎರಡು ವರ್ಷದೊಳಗೆ ಟೆಟ್ ಪಾಸಾಗಬೇಕು. ಐದು ವರ್ಷಕ್ಕಿಂತ ಕಡಿಮೆ ಉಳಿದವರು ಹಾಗೇ ಮುಂದುವರಿಯಬಹುದು, ಬಡ್ತಿ ಮಾತ್ರ ಇಲ್ಲ. ಅಲ್ಪಸಂಖ್ಯಾತ ಸಂಸ್ಥೆಗಳ ಪ್ರಶ್ನೆಯನ್ನು ದೊಡ್ಡ ಪೀಠಕ್ಕೆ ಬಿಡಲಾಗಿದೆ. 2008ರ ಅಧ್ಯಾಪಕರಲ್ಲಿ ಅಧ್ಯಾಪಕ ತರಬೇತಿಯ ಟಿ.ಟಿ.ಸಿ. ಇದೆ, ಕೆ-ಟೆಟ್ ಇಲ್ಲ.

ಉಳಿದ ಇಬ್ಬರು

ಅರಬಿಕ್ ಅಧ್ಯಾಪಕರ ಹುದ್ದೆ ಪೀರಿಯಡ್‌ಗಳ ಲೆಕ್ಕದ್ದು. ಅವರು ಕೇಳಬೇಕಾದದ್ದು ಒಂದು ಪೂರ್ಣ ಹುದ್ದೆಯನ್ನಲ್ಲ, ಬೇರೆ ಶಾಲೆಯ ಪೀರಿಯಡ್‌ಗಳಿಗೆ ತನ್ನನ್ನು ಜೋಡಿಸುವ ಕ್ಲಬ್ಬಿಂಗ್ ವ್ಯವಸ್ಥೆಯನ್ನು. ಅವರು ಆರಂಭದಲ್ಲಿ ಪೂರ್ಣ ಹುದ್ದೆಗೇ ಅರ್ಜಿ ಹಾಕಿದ್ದರಿಂದ ಮೊದಲ ಉತ್ತರ 'ಅವಕಾಶವಿಲ್ಲ' ಎಂದು ಬಂತು. ತಿದ್ದಿ ಬರೆದ ಮೇಲೆ ಕಡತ ಚಲಿಸಿತು.

2021ರ ಅಧ್ಯಾಪಿಕೆಯ ಸ್ಥಿತಿಯಲ್ಲಿ ಇನ್ನೂ ಒಂದು ತೊಡಕು ಇದೆ. ಅನುದಾನಿತ ಶಾಲೆಗಳಲ್ಲಿ ಅಂಗವಿಕಲರಿಗೆ ಮೀಸಲು ಹುದ್ದೆ ತುಂಬಿಲ್ಲ ಎಂಬ ಕಾರಣಕ್ಕೆ 2018ರ ನವೆಂಬರ್ 18ರ ನಂತರದ ನೇಮಕಗಳಿಗೆ ತಾತ್ಕಾಲಿಕ ಮಂಜೂರಾತಿ ಮಾತ್ರ ಸಿಕ್ಕಿತ್ತು. 2021ರ ನವೆಂಬರ್ 8ರ ನಂತರದವರಿಗೆ ಅದೂ ಇರಲಿಲ್ಲ, ದಿನವೇತನ. 1996ರ ಫೆಬ್ರವರಿ 7ರಿಂದ ಶೇ. 3, 2017ರ ಏಪ್ರಿಲ್ 19ರಿಂದ ಶೇ. 4 ಎಂದು ಲೆಕ್ಕ ಹಾಕಿ ಮ್ಯಾನೇಜರ್ ಬಾಕಿ ಮೀಸಲು ಹುದ್ದೆಗಳನ್ನು ತುಂಬಿದ ಮೇಲೆ ಇವರ ಮಂಜೂರಾತಿ ಖಾಯಂ ಆಗಬೇಕು. ಮುಚ್ಚಿದ ಶಾಲೆಯ ಬಾಕಿಯನ್ನು ಯಾರು ತುಂಬುತ್ತಾರೆ? ಏಜೆನ್ಸಿ ಒಂದೇ ಎಂಬ ದಾಖಲೆ ಇಲ್ಲಿಯೂ ಬೇಕಾಗುತ್ತದೆ: ಮೀಸಲು ಹುದ್ದೆಗಳ ಸರದಿ ಪಟ್ಟಿಯಾದ ರೋಸ್ಟರ್ ಟ್ರಸ್ಟಿನದು, ಹಾಗಾಗಿ ಹೊಣೆಯೂ ಟ್ರಸ್ಟಿನದೇ ಎಂದು ಅವರು ಬರೆದುಕೊಟ್ಟಿದ್ದಾರೆ.

ಯು.ಪಿ. ಶಾಲೆಯಲ್ಲಿ ಮುಂದಿನ ನಿವೃತ್ತಿ 2027ರ ಮೇಯಲ್ಲಿ. ಅಲ್ಲಿಯ ತನಕ ಪ್ರತಿ ವರ್ಷ ಮೇ ಮೊದಲ ವಾರದಲ್ಲಿ ಮ್ಯಾನೇಜರಿಗೂ ಎ.ಇ.ಒ.ಗೂ ಹಕ್ಕುಪತ್ರವನ್ನು ರಶೀದಿ ಸಿಗುವ ಅಂಚೆಯಲ್ಲಿ ಕಳಿಸುವುದು, ವಿಳಾಸ ಬದಲಾದರೆ ಅದೇ ವಾರ ತಿಳಿಸುವುದು. ಹುದ್ದೆ ಬಂದಾಗ ಮ್ಯಾನೇಜರ್ ನೇಮಕಾತಿ ಆದೇಶವನ್ನು ಸ್ವೀಕೃತಿ ರಶೀದಿ ಸಹಿತ ರಿಜಿಸ್ಟರ್ಡ್ ಅಂಚೆಯಲ್ಲಿ ಕಳಿಸಿ 14 ಪೂರ್ಣ ದಿನ ಕೊಡಬೇಕು. ಬಾರದಿದ್ದರೆ ಹಕ್ಕು ಹೋಗುತ್ತದೆ ಎಂದು ಎಚ್ಚರಿಸಿ ಇನ್ನೊಂದು ನೋಟೀಸು, ಮತ್ತೆ 7 ಪೂರ್ಣ ದಿನ. ಎರಡೂ ಆದ ಮೇಲಷ್ಟೇ ಹಕ್ಕು ಕಳೆದುಹೋಗುವುದು. ಬಿಟ್ಟುಹೋದ ಬಾಡಿಗೆಮನೆಗೆ ಒಂದು ಪತ್ರ ಕಳಿಸಿ, ವಾಪಸ್ ಬಂದ ಲಕೋಟೆ ತೋರಿಸಿ, ಅವರು ಬರಲಿಲ್ಲ ಎಂದು ಹೇಳುವ ಮ್ಯಾನೇಜರುಗಳಿದ್ದಾರೆ. ಎರಡನೇ ನೋಟೀಸಿನ ರಶೀದಿ ಎಲ್ಲಿ ಎಂದು ಅಲ್ಲಿ ಕೇಳಬೇಕು.